ಎಂಟಡಿ ಚಿಲ್ಲರೆ

ಟೀವಿಯಲ್ಲಿ ಮೊದಲ ಸಲ ನನ್ನ ಹೆಸರು ಬಂದಾಗ
ಅಗ್ರಹಾರದ ಶಾಲೆಯ ಲೆಕ್ಕದ ಟೀಚರು, ನನ್ನಮ್ಮ,
ಕನ್ನಡಕ ಏರಿಸಿ ಓದಿದಳು: ಸಂಕಲನ, ಎಂ. ಪಂಕಜಾಕ್ಷಿ.
'ಸಂಕಲನ ಅಂದ್ರೆ ಕೂಡೋದು ಕಣೇ,
ನೀನು ದಿನಾ ಕಳೀತಾ ಕೂತಿರ್ತೀಯಲ್ಲ.'
ಅಷ್ಟರಲ್ಲಿ ವಾರ್ತೆ ಬಂತು.

ಹೌದು, ಕಳೆಯುತ್ತಿದ್ದೆ.
ಲಷ್ಕರ್ ಮೊಹಲ್ಲಾದ ಪ್ರೆಸ್ಸಿನ ಮೇಲೆ
ಕಿಟಕಿಗೆ ಕಪ್ಪು ಕಾಗದ ಹಚ್ಚಿದ ಕೋಣೆ.
ಕೆಳಗೆ ಲಗ್ನಪತ್ರಿಕೆಗಳ ಧಡಬಡ,
ಮೇಲೆ ಬಿಳಿ ಕೈಗವಸು, ಫಿಲ್ಮಿನ ಸುರುಳಿ:
ಕತ್ತರಿಸು, ಅಂಟಿಸು, ಉಜ್ಜು, ಓಡಿಸಿ ನೋಡು.
ಝಹೀರ್ ಸಾಹೇಬರು ಕಲಿಸಿದ್ದು ಒಂದೇ ಪಾಠ:
'ಕಳೆದದ್ದನ್ನ ನೆಲಕ್ಕೆ ಹಾಕಬೇಡ ಬೇಟಿ,
ತೂಗುಹಾಕು. ನಾಳೆ ಅದೇ ಬೇಕು ಅಂತಾರೆ.'

ಮಂಡ್ಯದ ಕಡೆಯ ಆಲೆಮನೆಗಳ ಮೇಲೊಂದು ಸಾಕ್ಷ್ಯಚಿತ್ರ.
ಇಪ್ಪತ್ತೆರಡು ನಿಮಿಷ, ಒಂದು ಸೆಕೆಂಡೂ ಹೆಚ್ಚಿಗಿಲ್ಲ.
ಕೊಪ್ಪರಿಗೆ ಮುಂದೆ ಕೆಂಪಾಜಮ್ಮ;
ಎಡಗೈಯಲ್ಲಿ ಮೂರು ಬೆರಳಿಲ್ಲ.
ಹೆಂಗಾಯ್ತಮ್ಮ, ಅಂತ ಕೇಳಿದ್ದಾರೆ.
ಆಕೆ ಹಬೆ ನೋಡುತ್ತಾಳೆ.
ನೋಡುತ್ತಲೇ ಇರುತ್ತಾಳೆ.
ಆಮೇಲೆ: 'ಗಾಣುಕ್ಕೇನ್ ಗೊತ್ತು ಬುಡಿ,
ಕಬ್ಬ್ಯಾವ್ದು, ಕೈಯ್ಯಾವ್ದು.'

ಮಾತೇ ಬಂಗಾರ, ಎಂದರು ನಿರ್ದೇಶಕರು;
ಮೌನ ಸ್ವಲ್ಪ ಉದ್ದವಾಯಿತು.
ಹದಿನಾಲ್ಕು ಸೆಕೆಂಡು. ಎಂಟಡಿ ಚಿಲ್ಲರೆ.
ಕತ್ತರಿಸಿದೆ. ಬೆಸುಗೆ ಗೊತ್ತೇ ಆಗಲಿಲ್ಲ.
ಕೇಳಿದ್ದಕ್ಕೆ ಪಟ್ಟನೆ ಉತ್ತರ ಕೊಟ್ಟಳು ಕೆಂಪಾಜಮ್ಮ,
ಮಗ್ಗಿ ಒಪ್ಪಿಸಿದ ಹಾಗೆ.
ಚಿತ್ರಕ್ಕೆ ಪ್ರಶಸ್ತಿ ಬಂತು, ನನಗೆ ಇನ್ನಷ್ಟು ಕೆಲಸ.

ಆಮೇಲೆ ಟೇಪು, ಆಮೇಲೆ ಕಂಪ್ಯೂಟರು.
ಆನೆ, ರೇಷ್ಮೆ, ಕುಷ್ಠರೋಗ, ನಾಲೆ ನೀರು;
ಬಾಡಿಗೆ ಕಟ್ಟಲು ನಡುನಡುವೆ ಮದುವೆ ವೀಡಿಯೊ.
ಈಗ ಕಳೆದದ್ದು ಎರಡು ಕೀಲಿ ಒತ್ತಿದರೆ ವಾಪಸ್ಸು.
ಅಂದು ಕಳೆದದ್ದು ಮಾತ್ರ
ಮಂಚದಡಿ, ಹಾಲಿನಪುಡಿ ಡಬ್ಬಿಯಲ್ಲಿ.

ಮೊನ್ನೆ ಮುಚ್ಚಳ ತೆಗೆದೆ.
ಬೆಲ್ಲದ ಚಿತ್ರ ಹುಳಿ ನಾರುತ್ತಿತ್ತು.
ಓಡಿಸಲು ನನಗೆ ತಿಳಿದ ಯಂತ್ರ ಊರಲ್ಲಿ ಉಳಿದಿಲ್ಲ;
ಕಿಟಕಿಗೆ ಹಿಡಿದೆ, ಕುಕ್ಕರಹಳ್ಳಿ ಕಡೆಯ ಬೆಳಕಿಗೆ.
ಪಕ್ಕದ ಮನೆಯ ಹುಡುಗ ಇಣುಕಿ,
'ಎಲ್ಲಾ ಒಂದೇ ಫೋಟೋ ಅಲ್ವಾ ಆಂಟಿ?'

ಅಲ್ಲ ಮರಿ, ಹಬೆ ನೋಡು.
ಇಲ್ಲಿ ಮುಖ ಮುಚ್ಚಿದೆ. ಇಲ್ಲಿ ಬಿಟ್ಟಿದೆ.
ಇಲ್ಲಿ, ಇನ್ನೂರರ ಆಸುಪಾಸು,
ಬಲಗೈ ಮೆಲ್ಲಗೆ ಬಂದು
ಎಡಗೈಯನ್ನು ಸೆರಗಿನೊಳಗೆ ಎಳೆದುಕೊಳ್ಳುತ್ತಿದೆ.

ನೂರು ಸಲ ಓಡಿಸಿದ್ದೆ, ಇದನ್ನು ನೋಡಿರಲಿಲ್ಲ.
ಆಗ ಅಡಿ ಎಣಿಸುತ್ತಿದ್ದೆ.

'ಒಟ್ಟು ಎಷ್ಟಿವೆ?' ಎಂದು ಹುಡುಗ
ತುದಿಯಿಂದ ಬೆರಳಿಟ್ಟ: ಒಂದು, ಎರಡು,