ಎರಡು ಕೈಗಳ ಮೊತ್ತ

ಆಗ ಲೆಕ್ಕ ಬೇರೆ ಇತ್ತು.
ಬಲಗೈ ಎಸೆದದ್ದು ಇಷ್ಟು, ಎಡಗೈ ಎಸೆದದ್ದು ಇಷ್ಟು,
ಎರಡನ್ನೂ ಕೂಡಿಸಿದರೆ ಹೆಂಗಸಿನ ದೂರ.
ಗಂಡಸರಿಗೆ ಒಂದೇ ಕೈ ಸಾಕಿತ್ತು.

ಲಿಯೆಪಾಯದ ತಂತಿ ಕಾರ್ಖಾನೆಯಲ್ಲಿ
ಅಕ್ಕ ಹೆರ್ಮೀನೆ ಸುರುಳಿ ಹೊರುತ್ತಿದ್ದಳು,
ಹಗಲು ಪಾಳಿ ಬಲ ಹೆಗಲಿಗೆ, ರಾತ್ರಿ ಪಾಳಿ ಎಡಕ್ಕೆ.
ಹಾಗಾಗಿ ಎರಡು ತೋಳೂ
ಒಂದೇ ತಟ್ಟೆಯಲ್ಲಿ ಉಂಡ ಮಕ್ಕಳಂತೆ ಬೆಳೆದವು.

ಭರ್ಜಿ ಗಂಡಸರ ಕ್ಲಬ್ಬಿನದು.
ಭಾನುವಾರ ಅವರು ಬಿಯರಿಗೆ ಕೂತ ಮೇಲೆ
ಹಿಂಬಾಗಿಲಿನಿಂದ ನಮಗೆ ಸಿಗುತ್ತಿತ್ತು.
ಕಡಲಂಚಿನ ಗಟ್ಟಿ ಮರಳಲ್ಲಿ ಅವಳು ಓಡಿಬರುವಳು,
ತೊಡರುವ ಲಂಗವನ್ನು ಮೀನುಬಲೆಯ ಹುರಿಯಿಂದ ಸೊಂಟಕ್ಕೆ ಬಿಗಿದು.
ನನಗೆ ಒಂಬತ್ತು ವರ್ಷ. ನನ್ನ ಕೆಲಸ
ಬಿದ್ದಲ್ಲಿಗೆ ಓಡುವುದು, ಕೀಳುವುದು, ತರುವುದು.
ಅವಳ ಏಳು ವರ್ಷದ ಕೀರ್ತಿಯನ್ನೆಲ್ಲ
ನಾನು ಹಾಗೆ ಹೊತ್ತುಕೊಂಡು ವಾಪಸು ನಡೆದಿದ್ದೇನೆ.

ಗರ್ಭಕೋಶ ಜಾರುತ್ತದೆ ಎಂದು ಡಾಕ್ಟರು ಪತ್ರಿಕೆಯಲ್ಲಿ ಬರೆದರು.
ಬಲಗೈ ಮಾಡಿದ್ದು ಎಡಗೈಗೆ ತಿಳಿಯಬಾರದು, ಮಗಳೇ,
ಎಂದರು ಪಾದ್ರಿ, ಯಾವುದಕ್ಕೋ ಯಾವುದನ್ನೋ ಗಂಟುಹಾಕಿ.
ಅಕ್ಕ ನಕ್ಕಳು:
'ನನ್ನದಕ್ಕೆ ಎಲ್ಲ ಗೊತ್ತು ಸ್ವಾಮಿ,
ಸೆಂಟಿಮೀಟರ್ ಸಮೇತ.'

ಟಾರ್ಟುವಿನ ಕೂಟದಲ್ಲಿ ಸಲ್ಮೆ ಎಂಬ ಹುಡುಗಿ
ಬಲಗೈಯಲ್ಲಿ ಅಕ್ಕನಿಗಿಂತ ಎರಡು ಮೀಟರ್ ಮುಂದೆ ಹಾಕಿದಳು.
ಜನ ಎದ್ದರು, ಟೋಪಿ ಹುಡುಕಿದರು.
ಆಮೇಲೆ ಎಡಗೈ.
ಸಲ್ಮೆಯದು ಕೋಳಿಗೆ ಕಾಳು ಚೆಲ್ಲಿದ ಹಾಗೆ ಬಿತ್ತು.
ಅಕ್ಕನದು ಹೋಗುತ್ತಲೇ ಇತ್ತು,
ನಾನು ಟೇಪಿನ ತುದಿ ಹಿಡಿದು ಓಡುತ್ತಲೇ ಇದ್ದೆ.
ಡಿಸ್ಕಸ್ಸಿನಲ್ಲೂ ಹಾಗೇ ಆಯಿತು. ಬಹುಮಾನ:
ಒಂದು ಬೆಳ್ಳಿಬಣ್ಣದ ಬಟ್ಟಲು, ಅರ್ಧ ಡಜನ್ ಚಮಚ.

ಮುಂದಿನ ವಸಂತಕ್ಕೆ ಒಂದು ಕಾಗದ ಬಂತು.
ಇನ್ನು ಉತ್ತಮ ಕೈ ಮಾತ್ರ ಲೆಕ್ಕ.
ಮೊಹರು ನೀಲಿಯಾಗಿತ್ತು. ಅಕ್ಕ ಎರಡು ಸಲ ಓದಿದಳು,
ಮಡಚಿ ಎಡಗೈಯ ಕೈಚೀಲದೊಳಗೆ ತುರುಕಿದಳು.
ದೂರದ ದೊಡ್ಡ ಕೂಟಕ್ಕೆ ಹಡಗು ಹೊರಟಾಗ
ಅವಳು ರಾತ್ರಿ ಪಾಳಿಯಲ್ಲಿದ್ದಳು.
ಆದರೂ ಭಾನುವಾರ, ಬಲಗೈಯ ಪ್ರತಿ ಎಸೆತಕ್ಕೂ
ಒಂದು ಎಡಗೈಯದು.
ಅದನ್ನು ಯಾರೂ ಅಳೆಯಲಿಲ್ಲ. ನಾನು ಅಳೆದೆ, ಪಾದದಿಂದ.

ಯುದ್ಧ ಬಂತು. ಬಟ್ಟಲು ರೈ ಹಿಟ್ಟಾಯಿತು.
ಚಮಚಗಳಲ್ಲಿ ಒಂದು ಉಳಿಯಿತು.
ಡಿಸ್ಕಸ್ಸು ಎಲೆಕೋಸಿನ ಪೀಪಾಯಿಯ ಮೇಲೆ ಕೂತಿತು,
ಹುಳಿಯುಪ್ಪಿನಲ್ಲಿ ಅದರ ಕಬ್ಬಿಣದ ಅಂಚು ಕಂದಿ
ಇಪ್ಪತ್ತು ಚಳಿಗಾಲ ನಮಗೆ ಊಟ ಒತ್ತಿಕೊಟ್ಟಿತು.
'ಈಗ ಸರಿಯಾಗಿ ಬಿದ್ದಿದೆ ನೋಡು' ಎನ್ನುತ್ತಿದ್ದಳು.

ಮೊನ್ನೆಯ ಚಳಿಯಲ್ಲಿ ಅವಳ ಬಲಭಾಗ ಹೋಯಿತು.
ತುಟಿ, ತೋಳು, ಕಾಲು.
ದಾಖಲೆ ಪುಸ್ತಕದಲ್ಲಿ ಹೆಸರಿದ್ದದ್ದು ಆ ತೋಳಿನದು.
ಉಳಿದ ಚಮಚವನ್ನು ಎಡಗೈ ಎತ್ತಿತು,
ನಡುಗಲಿಲ್ಲ, ಇಷ್ಟು ದಿನ ಕಾದಿದ್ದಂತೆ.

ಇವತ್ತು ಕಿಟಕಿ ತೆರೆಸಿದಳು.
ಅಂಗಳದ ಕಡಲಹಕ್ಕಿಗೆ ರೊಟ್ಟಿಯ ಅಂಚು ಬೀಸಿದಳು,
ಮಲಗಿದಲ್ಲಿಂದಲೇ, ಮಣಿಕಟ್ಟು ಮಾತ್ರ ತಿರುಗಿಸಿ.
ಹಕ್ಕಿ ಹಾರಿ ಬಂತು. ನಾನೂ ಎದ್ದೆ,
ಮಂಡಿನೋವು ಮರೆತು, ಹಳೆಯ ಚಾಳಿ.
ಗೋಡೆಯಿಂದ ರೊಟ್ಟಿಯವರೆಗೆ ಹನ್ನೊಂದು ಪಾದ.

ಬಲಗೈಯದು ಸೊನ್ನೆ.
ಕೂಡಿಸಿ, ಒಳಗೆ ಹೋಗಿ ಹೇಳಿದೆ.