ಭೋಸರಿಯ ಎರಡನೇ ಪಾಳಿ

ಬಳಿ ತೆಗೆದು ಲಾಕರಿನ್ಯಾಗ ಇಟ್ಟು
ತಲಿಗೆ ಕಾಗದದ ಟೊಪ್ಪಿಗಿ ಹಾಕ್ಕೊಂಡು ಒಳಗ ಬರಬೇಕು.
ಧೂಳು ಬ್ಯಾಡ ಇಲ್ಲೆ.
ಹೊರಗ ಭೋಸರಿಯ ಲಾರಿ, ಗ್ರೈಂಡಿಂಗ್ ಶೆಡ್ಡು, ಕಬ್ಬಿಣದ ಹುಡಿ
ಬಾಗಲ ತನಕ ಬಂದು ನಮ್ಮ ಚಪ್ಪಲಿ ಕಾಯ್ಕೋತ ಕುಂತಿರ್ತದ.

ನನ್ನ ಕೆಲಸ ನೋಡೂದು.
ಕನೆಕ್ಟರಿನ ತುದಿಗೆ ಬಿಳಿ ಪಿಂಗಾಣಿಯ ಕೊಳವಿ, ಕಡ್ಡಿಪೆಟ್ಟಿಗಿಯ ಕಡ್ಡಿಯಷ್ಟು.
ಅದರ ನಡುವ ಗಾಜಿನ ಎಳಿ.
ಎಳಿಯ ನಡುವ ಇನ್ನೊಂದು ಎಳಿ, ಬೆಳಕು ನಡಿಯೂ ಓಣಿ:
ನನ್ನ ಒಂದು ಕೂದಲಾ ಏಳು ಸೀಳು ಸೀಳಿದರ
ಅದರೊಳಗ ಒಂದು ಸೀಳು.
ನಾನೂರು ಪಟ್ಟು ಹಿಗ್ಗಿ ಪರದೆ ಮ್ಯಾಲ
ಬೂದಿಬಣ್ಣದ ರೊಟ್ಟಿ ಬೀಳ್ತದ.
ಅಂಚಿಗೆ ಗೀರಿದ್ದರ ನಡೀತದ. ನಡುವ ಇದ್ದರ ಇಲ್ಲ.

ಉಜ್ಜಾಕಿ ಕುಂದಾ ಜಗದಾಳೆ.
ಒಂದೇ ಚಕ್ರಕ್ಕ ಇಪ್ಪತ್ನಾಲ್ಕು ತಲಿ ಕಟ್ಟಿ
ಒರಟು ಹಾಳಿ, ನುಣುಪು ಹಾಳಿ,
ಕಡೀಕ ಮುಟ್ಟಿದರ ನೀರು ಅನಸೂ ಹಾಳಿ.
ನೀಲಿ ಟೊಪ್ಪಿಗಿಯವು ನೆಟ್ಟಗ. ಹಸಿರಿನವಕ್ಕ ಎಂಟು ಡಿಗ್ರಿ ಓರೆ.
ಯಾಕ ಓರೆ ಅಂತ ಮೊದಲನೇ ದಿನ ಕೇಳಿದ್ದೆ.
ಫಡತರೆ ಸಾಹೇಬರು ಅಂದರು:
ಗಾಜಿಗೆ ಗಾಜು ಕೂಡಿದಲ್ಲೆ ಒಂದೀಟು ಬೆಳಕು ಹೊಳ್ಳಿ ಬರ್ತದ ಬಾಯಿ,
ಎದುರುತ್ತರ ಇದ್ದಾಂಗ.
ನೆಟ್ಟಗ ಬಂದರ ಕಳಿಸಿದವನ ಕಣ್ಣಿಗೇ ಹೊಡೀತದ,
ಓರೆ ಇದ್ದರ ದಾರಿ ತಪ್ಪಿ ಗ್ವಾಡಿಯಾಗ ಸತ್ತು ಹೋಗ್ತದ.
ಹಸಿರಿಗೆ ನೀಲಿ ಕೂಡಿಸಬ್ಯಾಡ. ನಡುವ ಗಾಳಿ ಕುಂದರ್ತದ.
ಮುಟ್ಟಿದಾಂಗ ಕಾಣ್ತಾವ, ಮುಟ್ಟಿರೂದಿಲ್ಲ.

ಪಾಯಿಂಟ್ ಮೂರು ಡಿಬಿ ತನಕ ನಷ್ಟ ಮಾಫ್.
ಕೂಡೂ ಜಾಗಾದಾಗ ಸ್ವಲ್ಪ ಹೋಗೂದ ಅಂತ
ಕಂಪನಿನೂ ಒಪ್ಪಿಕೊಂಡದ.
ಆಕಿದು ಮರಾಠಿ, ನನ್ನದು ಅಕ್ಕಲಕೋಟಿ ಕಡೀ ಕನ್ನಡ,
ನಡುವ ಆರು ವರ್ಷ ಚಾ ಕುಡದೀವಿ,
ಹೋಗಿದ್ದೆಷ್ಟೋ ಯಾರೂ ಅಳತಿ ಹಿಡದಿಲ್ಲ.

ಕಳದ ಸೋಮವಾರ ಪಾಳಿ ಮುಗಿಯೂ ಹೊತ್ತಿಗೆ
ಆಕಿಯ ನಾಕು ಟ್ರೇ ಬಂದವು.
ಎಲ್ಲಾ ರೊಟ್ಟಿಗೂ ಗೀರು, ನಡುವಿಗೆ ಹತ್ತಿ.
ಕೆಂಪು ಪೆನ್ನಿನಲೆ ಬರದೆ: ವಾಪಸ್.
‘ಪುನ್ಹಾ ಬಘ’ ಅಂದಳು. ಮತ್ತ ನೋಡು.
ಬಸ್ಸಿನ ಹೊತ್ತಾಗಿತ್ತು. ನೋಡಲಿಲ್ಲ.
ಆಕಿಯ ವಾರದ ಇನ್ಸೆಂಟಿವ್ ಹೋತು.
ಮಂಗಳವಾರ ಚಾಕ್ಕ ಆಕಿ ಬ್ಯಾರೆ ಬಾಕಿನ ಮ್ಯಾಲ.
ಮಾತಾಡಿಸಿದೆ. ಎದುರುತ್ತರನೂ ಬರಲಿಲ್ಲ.

ಮೂರು ದಿನ ನನ್ನ ಪ್ಯಾಕಿಂಗಿಗೆ ಹಾಕಿದ್ದರು:
ಪ್ರತಿ ತಲಿಗೂ ಧೂಳಿನ ಟೊಪ್ಪಿಗಿ ಇಟ್ಟು ಚೀಲಾ ಮುಚ್ಚೂದು.
ಶುಕ್ರವಾರ ಮತ್ತ ನನ್ನ ಮೈಕ್ರೋಸ್ಕೋಪಿಗೆ ಬಂದೆ.
ಹೊಸಾ ಹುಡುಗಿ ತಾಹೇರಾ ಉಜ್ಜಿದ್ದು, ಆಕಿಯ ಮೊದಲನೇ ತಲಿ.
ಅದೇ ಗೀರು.
ಗಡಿಯಾರದ ಹತ್ತರ ಕಡಿಂದ ನಡುವಿನ ತನಕ, ಅಷ್ಟೇ ಉದ್ದ.

ಕೊಳವಿ ಹಿಡದು ಕಾಲು ಸುತ್ತು ತಿರುವಿದೆ.
ಅಂಚಿನ ಒಂದು ಸಣ್ಣ ಚುಕ್ಕಿ ತಿರುಗಿತು.
ಗೀರು ತಿರುಗಲಿಲ್ಲ.
ಅರ್ಧ ಸುತ್ತು.
ಹತ್ತರ ಮ್ಯಾಲೇ ಇತ್ತು, ಅಲುಗದಾಂಗ.

ಸ್ಪಿರಿಟಿನ ಬಟ್ಟಿ ತಗೊಂಡು
ನಾ ನೋಡೂ ಗಾಜು ಒರಸಿದೆ.

ಹೋತು.

ಆಕಿಯ ನಾಕು ಟ್ರೇ ಅಷ್ಟರಾಗ ಮತ್ತ ಚಕ್ರಕ್ಕ ಹೋಗಿದ್ದವು,
ಒಳ್ಳೇವನ್ನ ಸುಮ್ಮಸುಮ್ಮನ ಉಜ್ಜಿ
ಅರ್ಧಕ್ಕರ್ಧ ಗಿಡ್ಡ ಮಾಡಿ ಒಗದಿದ್ದರು.
ಉಜ್ಜಿದ ಗಾಜು ತಿರುಗಿ ಬೆಳಿಯೂದಿಲ್ಲ.

ಚಾದ ಹೊತ್ತಿನ್ಯಾಗ ಆಕಿಯ ಬಾಕಿಗೆ ಹೋದೆ.
ಮರಾಠಿ ನೆನಪಾಗಲಿಲ್ಲ, ಕನ್ನಡನೂ.
ಬಟ್ಟಿ ಮುಂದಿಟ್ಟೆ. ಅದರಾಗ ಕರೀ ಗೀರು,
ರೆಪ್ಪಿಕೂದಲದ ತುಂಡಿನಂಥಾದ್ದು.
ಬಹುಶಃ ನಂದೇ.

ಕುಂದಾ ಕಪ್ಪು ಕೆಳಗಿಟ್ಟಳು.
ಬಟ್ಟಿಯ ಮೂಲಿ ಹಿಡದು ಸಾವಕಾಶ ತಿರುವಿದಳು.
ಬಟ್ಟಿಯ ಸಂಗಡ ಅದೂ ತಿರುಗಿತು.

‘ರಜಿಸ್ಟರ್‌ದಾಗ ಬರಿ’ ಅಂದಳು, ನನ್ನ ಮಾತಿನಾಗ.
ನನ್ನ ಹಂತೇಕ ಒಂದೇ ಪೆನ್ನಿತ್ತು, ಕೆಂಪಂದು.
ಅದರಲೇ ಬರದೆ.