ಗೋಡೆಗೂ ಹಣೆಗೂ ನಡುವೆ

ಸೊರೋಕಾ, ಮಾಲ್ಡೋವಾ

ನಮ್ಮ ಮನೆಗೆ ಬಂದಾಗ ಗವ್ರಿಲ್‌ಗೆ ಎರಡು ವರ್ಷ ನಾಲ್ಕು ತಿಂಗಳು.
ತೂಕ, ಶಿಶುಭವನದ ಚೀಟಿಯ ಪ್ರಕಾರ, ಎಂಟೂವರೆ ಕಿಲೊ.
ಮಾತು: ಇಲ್ಲ.
ಅಳು: ಆ ಸಾಲನ್ನು ಖಾಲಿ ಬಿಟ್ಟಿದ್ದರು.

ನನಗಾಗ ಹನ್ನೊಂದು. ನೀಸ್ತ್ರು ನದಿ ಹೆಪ್ಪುಗಟ್ಟತೊಡಗಿದ ವಾರ.
ಅಮ್ಮ ಅವನನ್ನು ಬಸ್ಸಿನಿಂದ ಇಳಿಸಿದಳು
ಉಪ್ಪಿನಕಾಯಿಯ ಜಾಡಿ ಇಳಿಸುವ ಹಾಗೆ.
ಅವನಾಗಲೇ ಡ್ರೈವರನ ಕಡೆ ಕೈ ಚಾಚಿದ್ದ,
ಆಮೇಲೆ ಟಿಕೆಟ್ ಹರಿಯುವವಳ ಕಡೆ,
ಆಮೇಲೆ ಬೇಲಿಯಾಚೆ ನಿಂತಿದ್ದ,
ನಾಯಿಗೂ ಬೇಡವಾದ ಟ್ರೊಫಿಮ್ ಮುದುಕನ ಕಡೆ.
ಎಷ್ಟು ಸಲುಗೆ, ಎಂಥ ಒಳ್ಳೆ ಮಗು, ಅಂದರು ಕೇರಿಯವರು.
ಅಮ್ಮ ಏನೂ ಅನ್ನಲಿಲ್ಲ.
ಎಲ್ಲರ ಕಡೆಗೂ ಚಾಚುವ ಕೈ
ಇನ್ನೂ ಯಾರನ್ನೂ ಹಿಡಿದಿಲ್ಲ.

ರಾತ್ರಿ ತನ್ನನ್ನು ತಾನೇ ತೂಗಿಕೊಳ್ಳುತ್ತಿದ್ದ.
ಮಂಡಿಯೂರಿ, ಹಣೆ ಗೋಡೆಗೆ,
ಹಿಂದೆ ಮುಂದೆ, ಹಿಂದೆ ಮುಂದೆ.
ಗೋಡೆಯ ಈಚೆ ನನ್ನ ಮಂಚ.
ಟಕ್. ಟಕ್.
ತೆರೆದಾರೆಂಬ ಆಸೆಯೇ ಇಲ್ಲದೆ
ಯಾರೋ ಬಾಗಿಲು ಬಡಿಯುತ್ತಿದ್ದ ಹಾಗೆ.

ಅತ್ತ ಮಗುವಿಗೆ ಹಾಲು ಅನ್ನುತ್ತಾರೆ.
ನಲವತ್ತು ಮಂಚಗಳ ಹಜಾರದಲ್ಲಿ
ಗಡಿಯಾರ ಅತ್ತರೆ ಹಾಲು.
ಇಷ್ಟು ತಿಳಿದ ಮೇಲೆ ಅಳುವುದೇಕೆ?
ದಡ್ಡನಲ್ಲ ಗವ್ರಿಲ್, ಬಿಟ್ಟುಬಿಟ್ಟ.

ಅಮ್ಮನದು ಅಕ್ರೋಟು ಒಡೆಯುವ ಕೆಲಸ.
ಇಡಿಯಾಗಿ ಬಂದ ತಿರುಳಿಗೆ ಎರಡರಷ್ಟು ಕಾಸು.
ಹೊಲಿಗೆಯ ಮೇಲೊಂದು ಸಣ್ಣ ಏಟು,
ಬಿತ್ತೋ ಇಲ್ಲವೋ ಅನ್ನುವಂಥದ್ದು.
ಶಾಲೆಯ ಪುಸ್ತಕದಲ್ಲಿ ಮಿದುಳಿನ ಚಿತ್ರವಿತ್ತು,
ಥೇಟ್ ಆ ತಿರುಳೇ. ತೋರಿಸಿದೆ.
ಬಹಳ ಹೊತ್ತು ನೋಡಿ, ಹಾಗಾದರೆ ಮೆಲ್ಲಗೇ, ಅಂದಳು.
ಅವಳ ಕೈಗೆ ಹಸಿ ಸಿಪ್ಪೆಯ ಕಪ್ಪು,
ಸೋಪಿಗೂ ಭಾನುವಾರಕ್ಕೂ ಬಗ್ಗದ ಕಪ್ಪು.

ಟಕ್ ಅಂದರೆ ಸಾಕು, ಸುತ್ತಿಗೆ ಕೆಳಗಿಟ್ಟು ಹೋಗುತ್ತಿದ್ದಳು.
ಎತ್ತಿಕೊಂಡರೆ ಅವನು ಹಲಗೆಯಂತೆ ಸೆಟೆಯುತ್ತಿದ್ದ.
ಅದಕ್ಕೇ ಎತ್ತಿಕೊಳ್ಳುತ್ತಿರಲಿಲ್ಲ,
ಗೋಡೆಗೂ ಹಣೆಗೂ ನಡುವೆ ಅಂಗೈ ಇಡುತ್ತಿದ್ದಳು,
ಅಷ್ಟೆ.
ಅವನು ಅಂಗೈಯನ್ನೇ ಬಡಿಯುತ್ತಿದ್ದ.
ಒಂದು ರಾತ್ರಿ, ಎರಡು, ಹತ್ತೊಂಬತ್ತು.
ನಾನೇ ಎಣಿಸಿದ್ದು. ಹೊಟ್ಟೆಕಿಚ್ಚಿಗೆ ಲೆಕ್ಕ ಚೆನ್ನಾಗಿ ಬರುತ್ತದೆ.
ಇಪ್ಪತ್ತನೆಯ ರಾತ್ರಿ ನಾನೂ ಗೋಡೆ ಬಡಿದೆ, ಬೆರಳ ಗಿಣ್ಣಿನಿಂದ.
ಅಮ್ಮ ಬಂದಳು. ಬೈಯಲಿಲ್ಲ.
ನನ್ನ ಹಣೆಯ ಮೇಲೆ ಆ ಕೈ, ಅದರ ಕಹಿ ವಾಸನೆ.
ನಿದ್ದೆ ಬಂದದ್ದು ಗೊತ್ತಾಗಲಿಲ್ಲ.

ಮಾರ್ಚಿನಲ್ಲಿ ಜಿಲ್ಲಾ ಕಚೇರಿಯ ಎಲಿಯೊನೋರಾ ಬಂದರು,
ಕೆಂಪು ಕೋಟು, ಜೇಬಲ್ಲಿ ಚಾಕಲೇಟು, ಮಡಿಲು ಚಾಚಿ.
ಗವ್ರಿಲ್ ನೋಡಿದ.
ಹಿಂದಕ್ಕೆ ನಡೆದ, ಬಕೆಟ್ಟಿಗೆ ಎಡವಿ ಬಿದ್ದ,
ಎದ್ದು ಅಮ್ಮನ ಲಂಗ ಹಿಡಿದು ಅದರೊಳಗೆ ಮುಖ ಹುದುಗಿಸಿ
ಅತ್ತ.
ಅಬ್ಬಾ, ಎಂಥ ಅಳು!
ಎರಡು ವರ್ಷದ ಬಾಕಿ ಒಂದೇ ಸಲ ಚುಕ್ತಾ.
ಕೋಳಿಗಳು ಚೆದುರಿದವು.
ಟ್ರೊಫಿಮ್ ಮುದುಕ ಕಿಟಕಿ ಮುಚ್ಚಿ, ಮಗು ಕೆಟ್ಟಿತು, ಅಂದ.
ಎಲಿಯೊನೋರಾ ಬರೆದುಕೊಂಡರು:
ಮೊದಲು ಎಲ್ಲರೊಡನೆ ಹೊಂದಿಕೊಳ್ಳುತ್ತಿದ್ದ. ಈಗ ಹಟ.
ಅಮ್ಮ ಹೊಸ್ತಿಲಲ್ಲೇ ಕುಸಿದು ಕೂತು,
ನಗುತ್ತಾ, ಮೂಗು ಒರೆಸುತ್ತಾ,
ಅಳು ಕಂದ, ಈ ಮನೆಯಲ್ಲಿ ಕಿವುಡರಿಲ್ಲ, ಅಂದಳು.
ಎತ್ತಿಕೊಂಡಳು. ಹಲಗೆ ಬಾಗಿತು.

ಆಮೇಲೆ ಬಾಗಿಲ ಚೌಕಟ್ಟಿನ ಸೀಮೆಸುಣ್ಣದ ಗೆರೆಗಳು
ಒಂದರ ಮೇಲೊಂದು ಏರಿದವು,
ಅಷ್ಟು ದಿನ ಬೆಳೆಯಲು ಯಾರದೋ ಅಪ್ಪಣೆ ಕಾಯುತ್ತಿದ್ದವನ ಹಾಗೆ.
ಮೊದಲ ಮಾತು ಅಮ್ಮ ಅಲ್ಲ, ಟಕ್.
ಅದು ಅವಳ ಹೆಸರು.
ಅವಳು ಬಾವಿಗೆ ಹೋದರೆ ಟಕ್, ತಿರುಗಿ ಬಂದರೆ ಟಕ್,
ಒಂದು ದಿನ ಹಿತ್ತಲ ಕೊನೆಯವರೆಗೂ ಒಬ್ಬನೇ ಓಡಿ,
ನಿಂತು, ಹಿಂತಿರುಗಿ, ಅವಳು ಇದ್ದಾಳೆಂದು ಕಂಡು,
ಮತ್ತೆ ಓಡಿದ.

ಅತ್ತ ದಿನದ ರಾತ್ರಿ ಗೋಡೆ ಸುಮ್ಮನಿತ್ತು.
ನನಗೇ ನಿದ್ದೆ ಹತ್ತಲಿಲ್ಲ.
ಕೊನೆಗೆ ಗಿಣ್ಣಿನಿಂದ ಮೆಲ್ಲಗೆ ಒಂದು ಸಲ ತಟ್ಟಿದೆ.
ಬಹಳ ಹೊತ್ತಿನ ಮೇಲೆ
ಆ ಕಡೆಯಿಂದ, ನಿದ್ದೆಗಣ್ಣಿನಲ್ಲಿ,
ಒಂದೇ ಒಂದು
ಟಕ್.